ಅರಬ್ಬಿಯಲ್ಲಿ ಜಗಳ ಕಲಿಸಿದ ಗಲ್ಲಿ

ಹೋದ ತಿಂಗಳು ಉಮರ್ಗಾಕ್ಕೆ ಹೋಗುವ ಬಸ್ಸಿಗಾಗಿ ನಿಲಂಗಾ ನಿಲ್ದಾಣದಲ್ಲಿ ಕಾಯುತ್ತಿದ್ದೆ. ಮಳೆ ಆಗಷ್ಟೇ ನಿಂತಿತ್ತು. ಗೇಟಿನ ಬಳಿ ಕುಳಿತಿದ್ದ ಹೆಂಗಸೊಬ್ಬಳು ಮೆಂತ್ಯೆ ಸೊಪ್ಪಿನ ಕಟ್ಟುಗಳ ಮೇಲೆ ನೀರು ಚಿಮುಕಿಸುತ್ತಿದ್ದಳು. ಹಸಿ ಮೆಂತ್ಯೆ, ಒದ್ದೆ ಗೋಣಿತಟ್ಟು, ಬಸ್ಸಿನ ಡೀಸೆಲ್ ಮೂರೂ ಸೇರಿದ ವಾಸನೆ ಬಂತು. ಈ ಮೂರು ಒಟ್ಟಿಗೆ ಬಂದರೆ ನನಗೆ ಉದಗೀರದ ಒಂದು ಮಳೆಗಾಲ ನೆನಪಾಗುತ್ತದೆ. ಬಸ್ಸು ತಡವಾಗಿ ಬಂತು. ಅಷ್ಟರಲ್ಲಿ ಆ ಮಳೆಗಾಲದ ಬಹುಪಾಲು ಮನಸ್ಸಿನಲ್ಲಿ ಹಾದುಹೋಗಿತ್ತು.

ಆ ವರ್ಷ ನಮ್ಮ ಪತ್ರಿಕೆ ಗಡಿಭಾಗದ ಸುದ್ದಿಗೆಂದು ನನ್ನನ್ನು ಮಹಾರಾಷ್ಟ್ರದ ಉದಗೀರದಲ್ಲಿ ಇರಿಸಿತ್ತು. ಮುರುಮದ ಕಬ್ಬು, ಶಿರೂರ ಅನಂತಪಾಳದ ಸೋಯಾ ಬೆಳೆ, ಶಿಕ್ಷಕರಿಲ್ಲದ ಕನ್ನಡ ಶಾಲೆಗಳು, ಎಲ್ಲದರ ಬಗ್ಗೆ ಬರೆದೆ. ನಾನಿದ್ದ ಗಲ್ಲಿಯ ಬಗ್ಗೆ ಮಾತ್ರ ಒಂದು ಸಾಲೂ ಬರೆಯಲಿಲ್ಲ. ಅಲ್ಲಿನ ಅರಬ್ಬಿ ಶಾಲೆಯ ಖಾಲಿದಾ ಆಪಾ ಮೊದಲೇ ತಡೆದಿದ್ದರು. "ಪೇಪರಿನ್ಯಾಗ ಬಂದ್ರ ಮಂದಿ ನೋಡ್ಲಾಕ ಬರ್ತಾರ. ನೋಡ್ಲಾಕ ಬಂದವರ ಮುಂದ ನನ್ನ ಹುಡುಗ್ಯಾರು ಬಾಯಿ ಬಿಡಂಗಿಲ್ಲ" ಎಂದಿದ್ದರು. ಈಗ ಅವರನ್ನು ಕೇಳಿಯೇ ಬರೆಯುತ್ತಿದ್ದೇನೆ.

ನನ್ನ ಕೋಣೆ ಕೋಟೆಯ ಕಡೆಗೆ ಹೋಗುವ ಗಲ್ಲಿಯಲ್ಲಿ, ಮಾಧವರಾವ್ ಎಂಬ ದರ್ಜಿಯ ಅಂಗಡಿಯ ಮೇಲೆ ಇತ್ತು. ಎದುರಿಗೆ ಗಫೂರ್ ಚಾಚಾರ ಚಹಾದ ಅಂಗಡಿ. ಅದರ ಪಕ್ಕದ ಕಟ್ಟೆಯ ಮೇಲೆ ಸಂಗಮ್ಮನ ಕಾಯಿಪಲ್ಲೆ. ಗಲ್ಲಿ ಮುಗಿಯುವಲ್ಲಿ ಹಸಿರು ಬಾಗಿಲಿನ ಹಳೆಯ ಮನೆ. ಮೊದಲ ದಿನ ಬೆಳಿಗ್ಗೆ ಕಿಟಕಿ ತೆರೆದಾಗ ಕಂಡದ್ದು ಇದು: ಹಣೆಗೆ ವಿಭೂತಿ ಹಚ್ಚಿಕೊಂಡ ಸಂಗಮ್ಮ ಟಾಂಜಾನಿಯಾದ ಯುವತಿಯೊಬ್ಬಳೊಂದಿಗೆ ಬದನೆಕಾಯಿಗಾಗಿ ಚೌಕಾಸಿ ನಡೆಸಿದ್ದಳು. ಅವರು ಆಡುತ್ತಿದ್ದ ಮಾತು ಕನ್ನಡವಲ್ಲ, ಮರಾಠಿಯಲ್ಲ, ಹಿಂದಿಯೂ ಅಲ್ಲ. ಕೆಳಗಿಳಿದು ಮಾಧವರಾವ್ ಅವರನ್ನು ಕೇಳಿದೆ.

"ಅರಬೀ" ಎಂದರು ಅವರು, ಸೂಜಿಗೆ ದಾರ ಪೋಣಿಸುತ್ತಾ, ಮುಖ ಎತ್ತದೆ. "ಇಥಂ ಸಗಳ್ಯಾಂನಾ ಯೇತೇ." ಇಲ್ಲಿ ಎಲ್ಲರಿಗೂ ಬರುತ್ತದೆ ಎಂದು.

ಹಸಿರು ಬಾಗಿಲಿನ ಮನೆಯೇ ಶಾಲೆ. ಖಾಲಿದಾ ಆಪಾ ಉದಗೀರದವರೇ. ಮಸ್ಕತ್‌ನ ಒಂದು ಆಸ್ಪತ್ರೆಯಲ್ಲಿ, ಬೇರೆ ಬೇರೆ ದೇಶಗಳಿಂದ ಬಂದ ನರ್ಸ್‌ಗಳಿಗೆ ಅರಬ್ಬಿ ಮಾತು ಕಲಿಸುವ ಕೆಲಸದಲ್ಲಿ ಬಹಳ ವರ್ಷ ಇದ್ದು ಊರಿಗೆ ಮರಳಿದ್ದರು. ಅವರ ಹಳೆಯ ವಿದ್ಯಾರ್ಥಿನಿಯರು ತಮ್ಮ ತಂಗಿಯರನ್ನು, ಗೆಳತಿಯರನ್ನು ಇಲ್ಲಿಗೇ ಕಳಿಸತೊಡಗಿದರು. ನೇಪಾಳದವರು, ಶ್ರೀಲಂಕಾದವರು, ಟಾಂಜಾನಿಯಾದವರು ಬರುತ್ತಿದ್ದರು. ಮಳೆಗಾಲಕ್ಕೊಂದು ತಂಡ, ಅಷ್ಟೆ. ಬೇಸಿಗೆಯಲ್ಲಿ ಅಷ್ಟು ಜನಕ್ಕೆ ನೀರು ಹೊಂದಿಸುವುದು ಆ ಊರಲ್ಲಿ ಯಾರಿಂದಲೂ ಆಗುವ ಮಾತಲ್ಲ.

ಆಪಾ ಕಲಿಸುವ ರೀತಿ ಅವರದೇ ಆಗಿತ್ತು. ಬೆಳಿಗ್ಗೆ ಪಡಸಾಲೆಯಲ್ಲಿ ಪಾಠ. ಮಧ್ಯಾಹ್ನದ ಮೇಲೆ ಒಬ್ಬೊಬ್ಬಳ ಕೈಗೂ ಒಂದು ಬುಟ್ಟಿ ಕೊಟ್ಟು ಗಲ್ಲಿಗೆ ಕಳಿಸುವರು. ಚಹಾ, ತರಕಾರಿ, ಸೋಪು, ಗುಂಡಿ ಹೊಲಿಸುವುದು, ಎಲ್ಲವನ್ನೂ ಅರಬ್ಬಿಯಲ್ಲಿ ಕೇಳಿಯೇ ಪಡೆಯಬೇಕು. ಅದಕ್ಕೆ ಗಲ್ಲಿಗೆ ಅರಬ್ಬಿ ಬರಬೇಕಲ್ಲ. ಹಾಗಾಗಿ ಮೊದಲ ತಂಡ ಬರುವ ಮುನ್ನ ಆಪಾ ಗಲ್ಲಿಗೇ ಪಾಠ ಮಾಡಿದ್ದರು. ಭಾಲ್ಕಿ ಕಡೆಯಿಂದ ಮದುವೆಯಾಗಿ ಬಂದ ಸಂಗಮ್ಮ ಆ ಕಥೆಯನ್ನು ನನಗೆ ಹೇಳಿದ್ದು ಹೀಗೆ:

"ಆಪಾ ಬಂದು, ಸಂಗಮ್ಮಾ, ನಿನಗ ಅರ್ಧ ಅರಬ್ಬಿ ಮೊದಲೇ ಬರ್ತದ ಅಂದ್ರು. ಹಿಸಾಬ, ಜವಾಬ, ಸಾಬೂನು, ಖುರ್ಚಿ, ಎಲ್ಲಾ ಅಲ್ಲಿಂದೇ ಬಂದಾವ ಅಂತ. ಹಂಗಾರ ಉಳದ ಅರ್ಧನೂ ಕಲಸ್ರಿ ಅಂದೆ. ನಮ್ಮನಿಯವರಿಗಿ ತಿಳೀಲಾರದ ಭಾಷಾ ಒಂದು ನನಗ ಬೇಕೇ ಆಗಿತ್ರಿ, ಪೇಪರ್ ಸಾಹೇಬ್ರ."

ಗಲ್ಲಿಯ ಅರಬ್ಬಿಯಲ್ಲಿ ವ್ಯಾಕರಣ ಸರಿಯಿತ್ತೋ ಇಲ್ಲವೋ ಹೇಳಲಾರೆ. ವ್ಯಾಪಾರ ನಡೆಯುತ್ತಿತ್ತು. ನನಗೆ ಆ ಭಾಷೆ ಬರುವುದಿಲ್ಲ. ಇಲ್ಲಿ ಅರಬ್ಬಿ ಮಾತಿಗೆ ಬರೆದಿರುವ ಅರ್ಥವೆಲ್ಲ ಆಪಾ ಹೇಳಿದ್ದು.

ಆ ವರ್ಷ ಮಿರಗದ, ಅಂದರೆ ಮೃಗಶಿರೆಯ, ಮಳೆ ತಡವಾಯಿತು. ನಾನೂ ಆ ವರ್ಷದ ತಂಡವೂ ಬಂದಾಗ ಇನ್ನೂ ಧೂಳಿತ್ತು. ಅವರಲ್ಲಿ ನಿಮಾಲಿ ಎಂಬವಳು ಶ್ರೀಲಂಕಾದ ಬೆಟ್ಟದ ಊರಿನ ನರ್ಸ್. ತೆಳ್ಳಗಿದ್ದಳು. ತಲೆ ತಗ್ಗಿಸಿ ನಡೆಯುತ್ತಿದ್ದಳು. ಅವಳ ಅಕ್ಕ ಮಸ್ಕತ್‌ನಲ್ಲಿ, ಆಪಾ ಕೆಲಸ ಮಾಡಿದ ಆಸ್ಪತ್ರೆಯಲ್ಲೇ ಇದ್ದಳು. ತಾಯಿ ಇಲ್ಲದ ಮನೆಯಲ್ಲಿ ತಂಗಿಯನ್ನು ಬೆಳೆಸಿದವಳು ಆ ಅಕ್ಕ. ಅಕ್ಕನಿರುವಲ್ಲಿಗೆ ಹೋಗಿ ಸೇರುವುದು ನಿಮಾಲಿಯ ಆಸೆ. ಒಮ್ಮೆ ಸಂದರ್ಶನಕ್ಕೆ ಕೂತು, ಮಾತು ಹೊರಡದೆ, ಎದ್ದು ಬಂದಿದ್ದಳು. ಆ ಆಸ್ಪತ್ರೆ ಎರಡನೆಯ ಅವಕಾಶ ಕೊಡುತ್ತದೆ, ಮೂರನೆಯದನ್ನು ಕೊಡುವುದಿಲ್ಲ. ಮಳೆಗಾಲ ಮುಗಿಯುವಾಗ ಅಲ್ಲಿನ ಹಿರಿಯ ನರ್ಸ್ ಆಮ್ನಾ ಎಂಬವರು ನರ್ಸ್‌ಗಳನ್ನು ಆರಿಸಲು ಹೈದರಾಬಾದಿಗೆ ಬರುವವರಿದ್ದರು. ಹಳೆಯ ಸ್ನೇಹಕ್ಕಾಗಿ ಒಂದು ದಿನ ಉದಗೀರಕ್ಕೂ ಬರುತ್ತೇನೆಂದು ಆಪಾಗೆ ಮಾತು ಕೊಟ್ಟಿದ್ದರು. ಆ ದಿನ ನಿಮಾಲಿ ಮಾತಾಡಬೇಕು. ಇದು ಗಲ್ಲಿಯಲ್ಲಿ ಎಲ್ಲರಿಗೂ ಗೊತ್ತಿತ್ತು.

ಮೊದಲ ವಾರವೇ ಗಫೂರ್ ಚಾಚಾ ಕೈ ಮೇಲೆ ಕುದಿಯುವ ಹಾಲು ಚೆಲ್ಲಿಕೊಂಡರು. ಅಲ್ಲೇ ಹೋಗುತ್ತಿದ್ದ ನಿಮಾಲಿ ಓಡಿ ಬಂದು ಅವರ ಕೈಯನ್ನು ತಣ್ಣೀರಿಗೆ ಹಿಡಿದಳು. ಗಾಯ ಆರುವವರೆಗೆ ದಿನವೂ ಬಂದು ಪಟ್ಟಿ ಕಟ್ಟಿದಳು. ಒಂದು ಮಾತೂ ಆಡಲಿಲ್ಲ. ಅಲ್ಲಿಗೆ ಅವಳು ಗಲ್ಲಿಯ ಮಗಳಾದಳು. ಅವಳು ಬಂದು ನಿಂತರೆ ಸಾಕು, ಚಾಚಾ ಶುಂಠಿ ಜಜ್ಜಿ ಹಾಕಿದ ಚಹಾ ಮುಂದಿಡುವರು. ಸಂಗಮ್ಮ ಬುಟ್ಟಿ ಇಸಿದುಕೊಂಡು ತಾನೇ ತುಂಬಿಸಿ, ಮೇಲೊಂದು ಹಿಡಿ ಕೊತ್ತಂಬರಿ ಇಟ್ಟು ಕಳಿಸುವಳು. ಮಾಧವರಾವ್ ಗುಂಡಿ ಕಿತ್ತದ್ದನ್ನು ದೂರದಿಂದಲೇ ಕಂಡು ಕೈ ಚಾಚುವರು. ನಾನು ಇದನ್ನೆಲ್ಲ ಕಿಟಕಿಯಿಂದ ನೋಡುತ್ತಿದ್ದೆ. ಒಂದು ದಿನ ಆಪಾ ಸಿಕ್ಕಾಗ, ಆ ಹುಡುಗಿ ಯಾರ ಹತ್ತಿರವೂ ಏನೂ ಕೇಳುವುದೇ ಇಲ್ಲವಲ್ಲ ಎಂದೆ. ಆಪಾ ತಿರುಗಿ ಗಲ್ಲಿಗೆ ಇಳಿದರು.

ಚಹಾದಂಗಡಿಯ ಬಾಕಿನ ಮೇಲೆ ಕೂತು ಮೂವರನ್ನೂ ಕರೆದರು. ನಿಮಾಲಿ ಚಹಾ ಹೇಗೆ ಕೇಳುತ್ತಾಳೆ ಎಂದು ಮೊದಲು ಚಾಚಾರನ್ನು ಕೇಳಿದರು.

"ಕಾಯ್ಕು ಪೂಛ್ನಾ ಆಪಾ?" ಎಂದರು ಚಾಚಾ. "ಶಕ್ಕರ್ ಕಮ್, ಅದ್ರಕ್ ಜ್ಯಾದಾ. ಮೇರೆಕು ಮಾಲೂಮ್ ಹೈ ನಾ." ಸಕ್ಕರೆ ಕಡಿಮೆ, ಶುಂಠಿ ಜಾಸ್ತಿ, ನನಗೆ ಗೊತ್ತಿರುವಾಗ ಅವಳೇಕೆ ಕೇಳಬೇಕು ಎಂಬುದು ಅವರ ವಾದ.

"ನನಗೂ ಗೊತ್ತದ್ರಿ" ಎಂದಳು ಸಂಗಮ್ಮ. "ಅಕಿ ಬಂದು ನಿಂತ್ರ ಸಾಕು, ನಾನೇ ಹಾಕಿ ಕಳಸ್ತೀನಿ. ಪಾಪ, ತಾಯಿಲ್ಲದ ಕೂಸು."

"ನೀವು ಮೂರೂ ಮಂದಿ ಕೂಡಿ ಆ ಕೂಸಿನ ಬಾಯಿ ಹೊಲದೀರಿ" ಎಂದರು ಆಪಾ. "ಮಾಧವರಾವ್ ಸೂಜಿನೂ ಬೇಕಾಗಿಲ್ಲ ಅದಕ್ಕ. ಇವತ್ತಿನಿಂದ ಅಕಿ ಕೇಳೋತನಕ ಏನೂ ಕೊಡಬ್ಯಾಡ್ರಿ. ಕೇಳಿದ್ರೂ ಸರಳ ಕೊಡಬ್ಯಾಡ್ರಿ. ತೂಕದಾಗ ಮೋಸ ಮಾಡ್ರಿ, ಕೆಟ್ಟ ಮಾಲ ಹಾಕ್ರಿ. ಅಕಿ ಜಗಳ ತಗೀಬೇಕು."

ಸಂಗಮ್ಮ ಎದೆಯ ಮೇಲೆ ಕೈ ಇಟ್ಟುಕೊಂಡಳು. "ಕೊಳ್ಳಾಗ ಲಿಂಗ ಕಟಗೊಂಡು ತೂಕದಾಗ ಮೋಸ ಮಾಡ್ಲಾ?"

"ಮೋಸ ಮಾಡಿ ಉಳಿಸಿದ್ದು ಸಂಜೀಕ ನನ್ನ ಮನಿಗಿ ಕಳಸು. ಅಡಗಿ ಮಾಡಿ ಅಕಿಗೇ ನೀಡ್ತೀನಿ. ನಿಮ್ಮ ದೇವರಿಗಿ ನಾ ಜವಾಬ ಕೊಡ್ತೀನಿ, ಹೋಗು."

ಮರುದಿನದಿಂದ ಗಲ್ಲಿ ಕೆಟ್ಟದಾಗಲು ಯತ್ನಿಸಿತು. ಅದು ಸುಲಭವಾಗಿರಲಿಲ್ಲ. ಬೇರೆಯವರೊಂದಿಗೆ ಒಂದು ಹಿಡಿ ಪುಂಡಿಪಲ್ಲೆಗೆ ಅರ್ಧ ತಾಸು ವಾದಿಸುವ ಸಂಗಮ್ಮ, ನಿಮಾಲಿಯ ಬುಟ್ಟಿಗೆ ಹುಳ ಬಿದ್ದ ಬದನೆಕಾಯಿ ಹಾಕುವಾಗ ಮುಖ ಆ ಕಡೆ ತಿರುಗಿಸುತ್ತಿದ್ದಳು. ನಿಮಾಲಿ ಅದನ್ನು ನೋಡಿ, ಸುಮ್ಮನೆ ತೆಗೆದುಕೊಂಡು ಹೋಗುತ್ತಿದ್ದಳು. ಚಾಚಾ ಸಕ್ಕರೆಯನ್ನೇ ಹಾಕದ ಚಹಾ ಕೊಟ್ಟರೆ ಪೂರ್ತಿ ಕುಡಿದು ಲೋಟ ತೊಳೆದಿಡುತ್ತಿದ್ದಳು. ಮಾಧವರಾವ್ ಅವಳ ಕುರ್ತಾದ ಒಂದು ತೋಳನ್ನು ಇನ್ನೊಂದಕ್ಕಿಂತ ನಾಲ್ಕು ಬೆರಳು ಉದ್ದ ಹೊಲಿದರು. ಅವಳು ಅದನ್ನೇ ಮಡಚಿಕೊಂಡು ತೊಟ್ಟಳು. ತನ್ನ ಕೆಲಸ ಹೀಗೆ ಊರೆಲ್ಲ ತಿರುಗಾಡುವುದನ್ನು ಸಹಿಸಲಾರದೆ ಮಾಧವರಾವ್ ವಾರದೊಳಗೆ ಅದನ್ನು ಇಸಿದುಕೊಂಡು ಸರಿಮಾಡಿದರು. "ಮುಲಗೀ ಬೋಲತಚ್ ನಾಹೀ" ಎಂದು ನನ್ನೆದುರು ತಲೆಯಾಡಿಸಿದರು. ಹುಡುಗಿ ಮಾತೇ ಆಡುವುದಿಲ್ಲವಲ್ಲ ಎಂದು.

"ಜಗಳಕ್ಕ ಎದುರಿಗಿದ್ದವರೂ ಬೇಕಲ್ರಿ" ಎಂದಳು ಸಂಗಮ್ಮ ಒಂದು ಸಂಜೆ, ತಕ್ಕಡಿ ಎತ್ತಿಡುತ್ತಾ. "ಒಂದೇ ಕೈಲೆ ಚಪ್ಪಾಳಿ ಹೆಂಗ ಹೊಡೀಲಿ?"

ಒಮ್ಮೆ ಜೋರು ಮಳೆಗೆ ನಿಮಾಲಿ ಅಂಗಡಿಯ ಮುಂದೆ ನಿಂತಿದ್ದಾಗ ನಾನು ಅವಳೊಂದಿಗೆ ಇಂಗ್ಲಿಷಿನಲ್ಲಿ ಮಾತಾಡಿದೆ. ಶಾಲೆಯ ನಿಯಮಕ್ಕೆ ಅದು ವಿರುದ್ಧ. ಅವಳು ಮೆಲ್ಲಗೆ ಹೇಳಿದಳು: ಪದಗಳೆಲ್ಲ ಗೊತ್ತಿವೆ. ಬೇರೆಯವರು ಕೇಳಿದರೆ ಉತ್ತರ ಹೇಳಬಲ್ಲೆ. ಆದರೆ ನನಗೆ ಇದು ಬೇಕು ಎನ್ನಲು ನಾಚಿಕೆ. ಮನೆಯಲ್ಲಿ ಯಾವತ್ತೂ ಕೇಳಿದವಳಲ್ಲ. ಕೇಳುವ ಮೊದಲೇ ಅಕ್ಕ ಕೊಟ್ಟಿರುತ್ತಿದ್ದಳು.

ಶ್ರಾವಣ ಬಂತು. ಮಳೆ ಹಿಡಿದುಕೊಂಡಿತು. ಗಲ್ಲಿಯ ಕಲ್ಲುಹಾಸಿನ ಮೇಲೆ ಪಾಚಿ ಕಟ್ಟಿ, ಹೋಗುವವರೆಲ್ಲ ಗೋಡೆ ಹಿಡಿದು ನಡೆದರು. ನಾನು ಬೆಳೆ ನೋಡಲು ಹೊರಗೆ ಹೋಗಿ, ಮಂಡಿಯವರೆಗೆ ಎರೆಮಣ್ಣು ಮೆತ್ತಿಕೊಂಡು ಬರುತ್ತಿದ್ದೆ. ಅಂಥ ಒಂದು ದಿನ ಬರುವಾಗ ಚಾಚಾ ದೂರದಿಂದಲೇ ಕೈಬೀಸಿ ಕರೆದರು. ಅವತ್ತು ಸಕ್ಕರೆಯ ಬದಲು ಉಪ್ಪು ಹಾಕಿದ್ದರಂತೆ. ನಿಮಾಲಿ ಒಂದು ಗುಟುಕು ಕುಡಿದು, ಲೋಟ ಕೆಳಗಿಟ್ಟು, "ಲಾ" ಎಂದಳಂತೆ. ಬೇಡ. ಅಷ್ಟಕ್ಕೇ ಚಾಚಾ ಗಲ್ಲಿಯವರಿಗೆಲ್ಲ ಪುಕ್ಕಟೆ ಚಹಾ ಕೊಟ್ಟಿದ್ದರು. ನನ್ನ ಪಾಲಿನದು ತಣ್ಣಗಾಗಿತ್ತು, ಆದರೂ ಎತ್ತಿಟ್ಟಿದ್ದರು.

ಆಮೇಲೆ ಸ್ವಲ್ಪ ಸ್ವಲ್ಪ ಬಂತು. ಇದು ಚಿಕ್ಕದು. ಇದು ಹಳೆಯದು. ಇನ್ನೊಮ್ಮೆ ತೂಗು. ಎಲ್ಲವನ್ನೂ ಅವಳು ನೆಲ ನೋಡುತ್ತಾ, ಹತ್ತಿರ ಬಗ್ಗಿದರೆ ಮಾತ್ರ ಕೇಳಿಸುವಂತೆ ಹೇಳುತ್ತಿದ್ದಳು. ಸಂಗಮ್ಮ ಎರಡು ಮಾತು ತಿರುಗಿ ಹೇಳಿದರೆ ಮುಗಿಯಿತು. ಕೊಟ್ಟಷ್ಟನ್ನು ತೆಗೆದುಕೊಂಡು ಹೊರಡುತ್ತಿದ್ದಳು. ಜಗಳ ಎನ್ನುವಂಥದ್ದು ಆಗಲೇ ಇಲ್ಲ. ಅಷ್ಟರಲ್ಲಿ ಸಂಗಮ್ಮನಿಗೆ ಮಾತ್ರ ಕೈ ಪಳಗಿತ್ತು. ಮಾತಾಡುತ್ತಲೇ ಒಳ್ಳೆಯದರ ಕೆಳಗೆ ಕೆಟ್ಟದ್ದನ್ನು ತಳ್ಳುವುದು, ತಕ್ಕಡಿಯ ತಟ್ಟೆಗೆ ಒಂದು ಬೆರಳು ತಾಗಿಸುವುದು, ಎಲ್ಲವನ್ನೂ ಆ ಒಬ್ಬಳಿಗಾಗಿಯೇ ಕಲಿತುಬಿಟ್ಟಿದ್ದಳು.

ಉತ್ತರೆ ಮಳೆಯ ಹೊತ್ತಿಗೆ ಆಮ್ನಾ ಬಂದರು. ಬೆಳಗಿನ ರೈಲಿಗೆ ಇಳಿದು, ಸಂಜೆಯ ರೈಲಿಗೆ ಮರಳುವವರು. ಸುಡಾನಿನ ಎತ್ತರದ ಹೆಂಗಸು, ತಲೆಯಿಂದ ಕಾಲಿನವರೆಗೆ ಬಿಳಿ ಬಟ್ಟೆ ಸುತ್ತಿಕೊಂಡಿದ್ದರು. ಗಲ್ಲಿಯಲ್ಲಿ ಹಾದುಹೋಗುವಾಗ ಚಾಚಾ ಅರಬ್ಬಿಯಲ್ಲಿ ಸಲಾಮು ಹೇಳಿ ಸ್ವಾಗತಿಸಿದರು. ಮಾಧವರಾವ್ ಕೂಡ ಅರಬ್ಬಿಯಲ್ಲೇ ಸ್ವಾಗತಿಸಿದರು. ಸಂಗಮ್ಮನೂ ಅದೇ ಭಾಷೆಯಲ್ಲಿ ಕರೆದಾಗ ಆಮ್ನಾ ನಿಂತು, ಆಪಾರ ಮುಖ ನೋಡಿ ನಕ್ಕರು.

ಒಳಗೆ ನಡೆದದ್ದನ್ನು ನಾನು ನೋಡಲಿಲ್ಲ. ಆಪಾ ಹೇಳಿದಂತೆ ಬರೆಯುತ್ತೇನೆ. ಉಳಿದವರು ಚೆನ್ನಾಗಿ ಮಾತಾಡಿದರು. ನಿಮಾಲಿಯೂ ಕೇಳಿದ್ದಕ್ಕೆ ಚುಟುಕಾಗಿ ಸರಿಯಾಗಿಯೇ ಉತ್ತರಿಸಿದಳು. ಕೊನೆಗೆ ಆಮ್ನಾ ಪಡಸಾಲೆಯ ಮಂಚದ ಮೇಲೆ ಮಲಗಿ, ನಾನು ರೋಗಿ, ಕೇಳಬೇಕಾದ್ದನ್ನು ಕೇಳು ಎಂದರು. ನಿಮಾಲಿ ದಿಂಬು ಸರಿಪಡಿಸಿದಳು. ಹೊದಿಕೆ ಎಳೆದಳು. ನೀರಿನ ಲೋಟ ಕೈಗೆಟುಕುವಂತೆ ಇಟ್ಟಳು. ಮಾತು ಬರಲಿಲ್ಲ. ಆಮ್ನಾ ಎದ್ದು ಕೂತು ಹೇಳಿದರು: "ಕೈ ಒಳ್ಳೆಯದಿದೆ. ಆದರೆ ಕೇಳದವಳನ್ನು ನಾನು ವಾರ್ಡಿಗೆ ಬಿಡಲಾರೆ." ಆಪಾ ವಾದಿಸಲಿಲ್ಲ. ಆಮ್ನಾರ ಜಾಗದಲ್ಲಿ ನಾನಿದ್ದರೂ ಅದನ್ನೇ ಹೇಳುತ್ತಿದ್ದೆ ಎಂದರು ನನಗೆ.

ಮಧ್ಯಾಹ್ನದ ಹೊತ್ತಿಗೆ ಗಲ್ಲಿಗೆ ಸುದ್ದಿ ತಲುಪಿತ್ತು. ಚಾಚಾ ತಲೆ ತಗ್ಗಿಸಿ ಹಾಲು ತಿರುವುತ್ತಿದ್ದರು. ನಾನು ಬಾಕಿನ ಮೇಲೆ ಕೂತಿದ್ದೆ. ಆಗ ಆಮ್ನಾ, ಆಪಾ, ಅವರ ಹಿಂದೆ ಬುಟ್ಟಿ ಹಿಡಿದ ನಿಮಾಲಿ ಬಂದರು. ಹೋಗುವ ಮೊದಲು ಹುಡುಗಿಯರಿಗೆ ತಮ್ಮ ಊರಿನ ಬೆಂಡೆಕಾಯಿ ಸಾರು ಮಾಡಿ ಉಣಿಸುವ ಮನಸ್ಸಾಗಿತ್ತು ಆಮ್ನಾಗೆ. ಸಂಗಮ್ಮನ ಮುಂದೆ ಬಗ್ಗಿ ಬೆಂಡೆಕಾಯಿ ತೋರಿಸಿ, ಎಷ್ಟು ಬೇಕೆಂದು ಹೇಳಿದರು. ಸಂಗಮ್ಮ ತೂಗಿದಳು, ನಿಮಾಲಿ ಚಾಚಿದ ಬುಟ್ಟಿಗೆ ಸುರಿದಳು.

ನಿಮಾಲಿ ಬುಟ್ಟಿಗೆ ಕೈ ಹಾಕಿ ಒಂದು ಕಾಯಿ ತೆಗೆದು ತುದಿ ಬಗ್ಗಿಸಿದಳು. ಅದು ಮುರಿಯಲಿಲ್ಲ. ಬಲಿತು ನಾರಾಗಿತ್ತು. ಇನ್ನೊಂದು ತೆಗೆದಳು, ಮತ್ತೊಂದು. ಮೇಲಿನ ಎಳೆಯ ಕಾಯಿಗಳ ಕೆಳಗೆಲ್ಲ ಅಂಥವೇ ಇದ್ದವು.

"ಖಾಲಾ" ಎಂದಳು. ಚಿಕ್ಕಮ್ಮಾ ಎಂದು. "ಇವು ಬಲಿತಿವೆ. ತೆಗೆ."

ಸಂಗಮ್ಮನಿಗೆ ತಾನು ಮಾಡಿದ್ದು ಆಗಷ್ಟೇ ಹೊಳೆಯಿತು. ಆದರೆ ಇಡೀ ಮಳೆಗಾಲ ಕಲಿತ ಪಾಠ ಬಾಯಿಗೆ ತಾನೇ ಬಂತು. ಅವಳ ಅರಬ್ಬಿ ನನ್ನ ಕಿವಿಗೆ ಭಾಲ್ಕಿಯ ಕನ್ನಡವಾಗಿಯೇ ಕೇಳಿಸುತ್ತಿತ್ತು, ಹಾಗೆಯೇ ಬರೆಯುತ್ತೇನೆ: "ಎಲ್ಲಾ ಮುರಕೋತ ನಿಂತ್ರ ನಾ ಯಾರಿಗಿ ಮಾರ್ಲಿ? ಬೇಕಾದ್ರ ತಗೋ, ಇಲ್ಲಂದ್ರ ಬಿಡು."

"ನನಗೆ ಇಂಥವನ್ನು ಕೊಟ್ಟೆ, ತೆಗೆದುಕೊಂಡೆ. ಇವರಿಗೆ ಕೊಡಬಾರದು. ಇವರು ಅತಿಥಿ. ಸಂಜೆ ರೈಲಿಗೆ ಹೋಗುವವರು. ದಾರಿಯಲ್ಲಿ ಹೊಟ್ಟೆ ನೊಂದರೆ ಯಾರು ನೋಡುತ್ತಾರೆ?"

"ಬೆಂಡಿಕಾಯಿ ತಿಂದು ಯಾರಿಗಿ ಹೊಟ್ಟಿ ನೊಂದದ?"

"ನಾನು ನರ್ಸ್. ನಾನು ಹೇಳುತ್ತಿದ್ದೇನೆ. ಎಲ್ಲಾ ತೆಗೆ. ಮತ್ತೆ ತೂಗು. ಬೆರಳು ತಕ್ಕಡಿಗೆ ತಾಗಬಾರದು." ದನಿ ಗಲ್ಲಿಯ ಆ ಕೊನೆಗೆ ಮುಟ್ಟಿತು. ಮಾಧವರಾವ್ ಹೊಲಿಗೆ ಯಂತ್ರ ನಿಲ್ಲಿಸಿದರು. ಒಲೆಯ ಮೇಲಿನ ಹಾಲು ಉಕ್ಕಿ ಹೋಗುತ್ತಿದ್ದರೂ ಚಾಚಾ ಅತ್ತ ನೋಡಲಿಲ್ಲ.

ನಿಮಾಲಿ ಅಲ್ಲಿಗೇ ನಿಲ್ಲಲಿಲ್ಲ. ಆಮ್ನಾರ ಕಡೆ ತಿರುಗಿದಳು. ನಿಮಗೆ ಹೊಟ್ಟೆಯ ತೊಂದರೆ ಇದೆಯೇ? ಯಾವ ಮಾತ್ರೆ ತೆಗೆದುಕೊಳ್ಳುತ್ತೀರಿ? ಬೆಳಿಗ್ಗೆ ರೈಲಿನಲ್ಲಿ ಏನು ತಿಂದಿರಿ? ಆಮ್ನಾ ಒಂದೊಂದಕ್ಕೂ ಉತ್ತರ ಕೊಟ್ಟರು. ಸಕ್ಕರೆ ಕಾಯಿಲೆ ಇದೆ ಎಂದರು. ನಿಮಾಲಿ ಚಾಚಾರ ಕಡೆ ನೋಡಿ, ಇವರ ಚಹಾಕ್ಕೆ ಸಕ್ಕರೆ ಹಾಕಬೇಡಿ ಎಂದಳು. ಚಾಚಾ ತಲೆಯಾಡಿಸಿದರು.

ಆಮ್ನಾ ಆಪಾಗೆ ಹೇಳಿದರು: "ಈ ಹುಡುಗಿ ತನಗಾಗಿ ಏನೂ ಕೇಳುವವಳಲ್ಲ. ರೋಗಿಗಾಗಿ ಕೇಳುತ್ತಾಳೆ. ನನಗೆ ಬೇಕಾದದ್ದು ಅಷ್ಟೇ. ಅಕ್ಕನಿಗೆ ನಾನೇ ಹೇಳುತ್ತೇನೆ."

ನಿಮಾಲಿ ಬುಟ್ಟಿಯನ್ನು ಎದೆಗೆ ಒತ್ತಿಕೊಂಡು ನಿಂತಳು. ಕಣ್ಣು ಒರೆಸಿಕೊಳ್ಳಲು ಕೈ ಖಾಲಿ ಇರಲಿಲ್ಲ.

ಸಂಗಮ್ಮನಿಗೆ ಆ ಮಾತು ಅರ್ಥವಾಗಿರಲಿಲ್ಲ. ಅವಳ ಅರಬ್ಬಿ ಕಾಯಿಪಲ್ಲೆಯ ಆಚೆ ಹೋಗುತ್ತಿರಲಿಲ್ಲ. ಅತಿಥಿಗೇ ಕೆಟ್ಟ ಮಾಲು ಹಾಕಿ ಇದ್ದದ್ದನ್ನೂ ಹಾಳು ಮಾಡಿದೆ ಎಂದುಕೊಂಡು ಸೆರಗು ಬಾಯಿಗೆ ಹಿಡಿದು ಕೂತಿದ್ದಳು. "ಬುಟ್ಟಿ ಕಂಡ ಕೂಡಲೇ ಕೈ ತಾನೇ ಹೋಯ್ತ್ರಿ ಆಪಾ" ಎಂದಳು. "ದಿನಾ ಮಾಡಿ ಮಾಡಿ ರೂಢಿ ಆಗ್ಯದ. ಅವರಿಗಿ ಅಂತ ನೆನಪೇ ಆಗ್ಲಿಲ್ಲ. ಕೆಡಿಸಿದೆನೇನ್ರಿ?"

"ಇಡೀ ಮಳಗಾಲ ಅಕಿ ಪಾಲಿಂದೇ ಕಸಗೊಂಡು ಕುಂತಿದ್ವಿ ನಾವು" ಎಂದರು ಆಪಾ, ಕಟ್ಟೆಯ ಮೇಲೆ ಅವಳ ಪಕ್ಕದಲ್ಲೇ ಕೂರುತ್ತಾ. "ಮಂದಿ ಪಾಲಿಂದಕ್ಕ ಕೈ ಹಾಕಿದ್ದು ನೀ ಒಬ್ಬಾಕಿನೇ, ಅದಕ್ಕೇ ಅಕಿ ಬಾಯಿ ಬಿಟ್ಟಾಳ. ಅಕಿ ಹೊಂಟಾಳ ಸಂಗಮ್ಮಾ, ಅಕ್ಕನ ಬಲ್ಲಿ."

"ಖರೇನ್ರಿ?"

"ಖರೇ."

ಸಂಗಮ್ಮ ನಿಮಾಲಿಯ ಮುಖ ನೋಡಿದಳು. ಆಮೇಲೆ ಬುಟ್ಟಿ ಇಸಿದುಕೊಂಡು ಪೂರ್ತಿ ಬೋರಲು ಹಾಕಿದಳು. ಒಂದೊಂದೇ ಎಳೆಯ ಕಾಯಿ ಆರಿಸುತ್ತಾ ಕೇಳಿದಳು: "ಹಂಗಾರ ಆಪಾ, ಇನ್ನ ನಾ ಸರಿ ತೂಗಬಹುದೇನ್ರಿ?"

ತೂಗು ಎಂದರು ಆಪಾ. ಸಂಗಮ್ಮ ತಕ್ಕಡಿ ಎತ್ತಿದಳು. ಮುಳ್ಳು ನೆಟ್ಟಗೆ ನಿಲ್ಲುವವರೆಗೂ ನಿಮಾಲಿ ಅದರ ಮೇಲಿನ ಕಣ್ಣು ತೆಗೆಯಲಿಲ್ಲ.